ಅರವಿಂದನ್: ಕಡಿಮೆ ಖರ್ಚಿನ ಸಿನಿಮಾದ ಹದಿನೇಳು ವರ್ಷ

ಮಲಯಾಳಂ ನಿರ್ದೇಶಕ ಗೋವಿಂದನ್ ಅರವಿಂದನ್ 1935ರ ಜನವರಿ 23ರಂದು ಕೊಟ್ಟಾಯಂನಲ್ಲಿ ಹುಟ್ಟಿದರು. ತಂದೆ ಎಂ.ಎನ್. ಗೋವಿಂದನ್ ನಾಯರ್ ಮಲಯಾಳಂನಲ್ಲಿ ಹೆಸರಾಗಿದ್ದ ಹಾಸ್ಯ ಬರಹಗಾರರು. ಮನೆಗೆ ಲೇಖಕರು, ಪತ್ರಕರ್ತರು ಬಂದುಹೋಗುತ್ತಿದ್ದರು. ಹುಡುಗನಿಗೆ ಚಿತ್ರ ಬರೆಯುವ, ಹಾಡುವ ಗೀಳು ಅಲ್ಲಿಯೇ ಹತ್ತಿತು. ಓದು ಮುಗಿದ ಮೇಲೆ ಸಿಕ್ಕಿದ ಕೆಲಸಕ್ಕೂ ಈ ಗೀಳಿಗೂ ಸಂಬಂಧವಿರಲಿಲ್ಲ. ರಬ್ಬರ್ ಬೋರ್ಡಿನ ಕೇಂದ್ರ ಕಚೇರಿ ಕೊಟ್ಟಾಯಂನಲ್ಲೇ ಇತ್ತು, ಅದರಲ್ಲಿ ಅಧಿಕಾರಿಯಾದರು. ತೋಟಗಳಿಗೆ ಹೋಗುವುದು, ಬೆಳೆಗಾರರ ಜೊತೆ ಮಾತಾಡುವುದು, ಕಡತ ನೋಡುವುದು, ವರ್ಗವಾದಲ್ಲಿಗೆ ಹೋಗುವುದು ಅವರ ದಿನಚರಿಯಾಯಿತು. ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟಿನ ಮೆಟ್ಟಿಲನ್ನು ಅವರು ವಿದ್ಯಾರ್ಥಿಯಾಗಿ ಹತ್ತಲಿಲ್ಲ, ಯಾವ ನಿರ್ದೇಶಕರ ಕೈಕೆಳಗೂ ಸಹಾಯಕರಾಗಿ ದುಡಿಯಲಿಲ್ಲ, ಮದರಾಸಿನ ಕೋಡಂಬಾಕ್ಕಂ ಸ್ಟುಡಿಯೋಗಳಲ್ಲಿ ಅಲೆಯಲೂ ಇಲ್ಲ. 1974ರಿಂದ 1991ರವರೆಗೆ ಅವರು ಮಾಡಿದ ಕಥಾಚಿತ್ರಗಳು ಹನ್ನೊಂದು. ಹೆಚ್ಚಿನವುಗಳ ಹಿಂದೆ ಸ್ಟುಡಿಯೋ ಇರಲಿಲ್ಲ, ತಾರೆಯರಿರಲಿಲ್ಲ. ಕೆಲವಕ್ಕೆ ಬರೆದಿಟ್ಟ ಚಿತ್ರಕಥೆಯೂ ಇರಲಿಲ್ಲ.

ಅವರಿಗೆ ಸಿನಿಮಾ ಕಲಿಸಿದ ಮೊದಲ ಶಾಲೆ ಒಂದು ವಾರಪತ್ರಿಕೆ ಎಂದರೆ ತಪ್ಪಾಗದು. 1961ರಲ್ಲಿ ‘ಮಾತೃಭೂಮಿ’ ವಾರಪತ್ರಿಕೆಯಲ್ಲಿ ‘ಚೆರಿಯ ಮನುಷ್ಯರುಂ ವಲಿಯ ಲೋಕವುಂ’ ಎಂಬ ವ್ಯಂಗ್ಯಚಿತ್ರ ಸರಣಿ ಆರಂಭವಾಯಿತು. ಸಣ್ಣ ಮನುಷ್ಯರು, ದೊಡ್ಡ ಲೋಕ. ಕೆಲಸವಿಲ್ಲದ ಮಧ್ಯಮವರ್ಗದ ಹುಡುಗ ರಾಮು, ಅವನ ಜೊತೆಗೆ ಒಬ್ಬ ಗುರುಜಿ. ಅಂದಿನ ವ್ಯಂಗ್ಯಚಿತ್ರಗಳ ಪಾತ್ರಗಳಿಗೆ ವಯಸ್ಸಾಗುವ ರೂಢಿಯಿರಲಿಲ್ಲ, ವಾರವಾರವೂ ಅದೇ ಮುಖ, ಅದೇ ಚೇಷ್ಟೆ. ಅರವಿಂದನ್ ಬರೆದ ರಾಮು ವರ್ಷ ಕಳೆದ ಹಾಗೆ ಬೆಳೆದ, ಬದಲಾದ, ದುಡ್ಡು ನೋಡಿದ, ಕೊನೆಗೆ ತಾನು ಒಂದು ಕಾಲಕ್ಕೆ ಗೇಲಿ ಮಾಡುತ್ತಿದ್ದವರ ಸಾಲಿಗೇ ಸೇರಿದ. ಸ್ವಾತಂತ್ರ್ಯಾನಂತರದ ಕೇರಳದ ಮಧ್ಯಮವರ್ಗ ಕನಸು ಕಂಡು, ರಾಜಿ ಮಾಡಿಕೊಂಡು, ಕೆಟ್ಟ ಬಗೆಯೆಲ್ಲ ಆ ಚೌಕಗಳಲ್ಲಿ ದಾಖಲಾಯಿತು. ಸುಮಾರು ಹನ್ನೆರಡು ವರ್ಷ ನಡೆದ ಈ ಸರಣಿಯನ್ನು ಭಾರತದ ಚಿತ್ರಕಾದಂಬರಿಗಳ ಪೂರ್ವಜ ಎಂದು ಈಗ ಗುರುತಿಸುತ್ತಾರೆ. ಸಿನಿಮಾದ ಕಣ್ಣಿನಿಂದ ನೋಡಿದರೆ ಅದಕ್ಕೆ ಇನ್ನೊಂದು ಮಹತ್ವವಿದೆ. ಒಂದು ಚೌಕದಲ್ಲಿ ಎಷ್ಟು ಖಾಲಿ ಜಾಗ ಬಿಡಬೇಕು, ಮಾತಿಲ್ಲದೆ ಎಷ್ಟು ಹೇಳಬಹುದು, ಒಂದು ಚಿತ್ರದಿಂದ ಮುಂದಿನದಕ್ಕೆ ಎಲ್ಲಿ ಜಿಗಿಯಬೇಕು ಎಂಬ ಲೆಕ್ಕಾಚಾರವನ್ನು ಅವರು ಕ್ಯಾಮೆರಾ ಮುಟ್ಟುವ ಮೊದಲೇ ವಾರಕ್ಕೊಮ್ಮೆ ಮಾಡುತ್ತಿದ್ದರು.

ಎರಡನೆಯ ಶಾಲೆ ಕೋಳಿಕ್ಕೋಡ್. ನೌಕರಿಯ ವರ್ಗಾವಣೆ ಅವರನ್ನು ಅಲ್ಲಿಗೆ ಕರೆತಂದಿತು. ಅರವತ್ತು–ಎಪ್ಪತ್ತರ ದಶಕದ ಕೋಳಿಕ್ಕೋಡಿನಲ್ಲಿ ಕಥೆಗಾರರು, ನಾಟಕಕಾರರು, ಚಿತ್ರಕಾರರು, ಆಕಾಶವಾಣಿಯವರು, ಗಾಯಕರು ಸಂಜೆ ಒಂದೆಡೆ ಸೇರುತ್ತಿದ್ದರು. ಕಥೆಗಾರ ಪಟ್ಟತ್ತುವಿಳ ಕರುಣಾಕರನ್, ನಾಟಕಕಾರ ತಿಕ್ಕೋಡಿಯನ್ ಈ ಬಳಗದವರು. ಅದೇ ಕಾಲಕ್ಕೆ ಕೇರಳದಲ್ಲಿ ಫಿಲ್ಮ್ ಸೊಸೈಟಿಗಳ ಗಾಳಿ ಬೀಸುತ್ತಿತ್ತು. ಪುಣೆಯಲ್ಲಿ ಓದಿ ಬಂದ ಅಡೂರ್ ಗೋಪಾಲಕೃಷ್ಣನ್, ಕುಳತ್ತೂರ್ ಭಾಸ್ಕರನ್ ನಾಯರ್ ಮತ್ತು ಗೆಳೆಯರು 1965ರಲ್ಲಿ ತಿರುವನಂತಪುರದಲ್ಲಿ ‘ಚಿತ್ರಲೇಖ’ ಸೊಸೈಟಿ ಕಟ್ಟಿದ್ದರು. ಅದರ ಬೆನ್ನಿಗೆ ಊರೂರಿನಲ್ಲಿ ಸೊಸೈಟಿಗಳು ಹುಟ್ಟಿಕೊಂಡವು. ರೇ, ಘಟಕ್, ಕುರೊಸಾವಾ, ಬರ್ಗ್‌ಮನ್ ಅವರ ಚಿತ್ರಗಳು ಬಾಡಿಗೆ ಪ್ರೊಜೆಕ್ಟರಿನಲ್ಲಿ, ಶಾಲೆಯ ಸಭಾಂಗಣಗಳಲ್ಲಿ ಓಡಿದವು. ಅರವಿಂದನ್ ಅವರ ಸಿನಿಮಾ ಪಾಠ ಇಷ್ಟೇ: ನೋಡುವುದು, ಆಮೇಲೆ ರಾತ್ರಿಯೆಲ್ಲ ಅದರ ಬಗ್ಗೆ ಮಾತಾಡುವವರ ನಡುವೆ ಸುಮ್ಮನೆ ಕೂರುವುದು. ಅವರು ಕಡಿಮೆ ಮಾತಿನವರು ಎಂಬುದು ಅವರನ್ನು ಬಲ್ಲವರೆಲ್ಲ ಒಪ್ಪುವ ಸಂಗತಿ.

ಮೊದಲ ಚಿತ್ರ ‘ಉತ್ತರಾಯಣಂ’ 1974ರಲ್ಲಿ ಈ ಬಳಗದಿಂದಲೇ ಹುಟ್ಟಿತು. ಹಣ ಹಾಕಿದವರು ಪಟ್ಟತ್ತುವಿಳ, ಬರೆದವರು ತಿಕ್ಕೋಡಿಯನ್, ಕ್ಯಾಮೆರಾ ಹಿಡಿದವರು ಅಡೂರರ ಚಿತ್ರಗಳ ಛಾಯಾಗ್ರಾಹಕ ಮಂಕಡ ರವಿವರ್ಮ. ಕೆಲಸ ಹುಡುಕುವ ರವಿ ಎಂಬ ಯುವಕ, ಸ್ವಾತಂತ್ರ್ಯ ಚಳವಳಿಯ ಹಳೆಯ ಹೋರಾಟಗಾರರು ಈಗ ಏನಾಗಿದ್ದಾರೆ ಎಂಬುದನ್ನು ಕಾಣುತ್ತ ಹೋಗುವ ಕಥೆ. ರಾಮುವಿನ ನೆರಳು ರವಿಯ ಮೇಲೆ ಢಾಳಾಗಿ ಬಿದ್ದಿದೆ. ಮೊದಲ ಯತ್ನದ ಬಿಗಿತ, ಸಂಕೇತಗಳ ಮೇಲಿನ ಅತಿ ನಂಬಿಕೆ ಅಲ್ಲಲ್ಲಿ ಕಾಣಿಸಿದರೂ ಕೇರಳ ರಾಜ್ಯದ ಅತ್ಯುತ್ತಮ ಚಿತ್ರ ಪ್ರಶಸ್ತಿ ಅದಕ್ಕೆ ಬಂತು. ರಬ್ಬರ್ ಬೋರ್ಡಿನ ನೌಕರನೊಬ್ಬ ಸಂಬಳದ ಕೆಲಸದಲ್ಲಿದ್ದುಕೊಂಡೇ ಇದನ್ನು ಮಾಡಿದ್ದ. ಹೊಟ್ಟೆಪಾಡಿಗೆ ಸಿನಿಮಾವನ್ನು ನೆಚ್ಚಬೇಕಾಗಿರಲಿಲ್ಲ ಎಂಬುದು ಅವರ ವೃತ್ತಿಜೀವನದ ಮೊದಲ ಭಾಗದ ದೊಡ್ಡ ಅನುಕೂಲ. ಅವರ ಕಲೆಯನ್ನು ಹೊಗಳುವ ಬರಹಗಳು ಈ ಸಂಬಳದ ಮಾತನ್ನು ಹಾರಿಸಿಬಿಡುವುದುಂಟು.

ಆಗಿನ ಮಲಯಾಳಂ ಸಿನಿಮಾದ ಖರ್ಚು ಎಲ್ಲಿ ಹೋಗುತ್ತಿತ್ತು ಎಂಬುದನ್ನು ನೋಡಿದರೆ ಅರವಿಂದನ್ ಹಿಡಿದ ದಾರಿ ಅರ್ಥವಾಗುತ್ತದೆ. ಆಲಪ್ಪುಳದ ಉದಯ, ತಿರುವನಂತಪುರದ ನೇಮಂನಲ್ಲಿದ್ದ ಮೆರಿಲ್ಯಾಂಡ್ ಬಿಟ್ಟರೆ ಕೇರಳದಲ್ಲಿ ಹೇಳಿಕೊಳ್ಳುವಂಥ ಸ್ಟುಡಿಯೋ ಇರಲಿಲ್ಲ. ಉಳಿದ ಚಿತ್ರಗಳೆಲ್ಲ ಮದರಾಸಿನಲ್ಲಿ ತಯಾರಾಗುತ್ತಿದ್ದವು. ತಾರೆಯರ ಸಂಭಾವನೆ, ಸೆಟ್ಟು, ಹಾಡುಗಳ ರೆಕಾರ್ಡಿಂಗ್, ತಂಡದ ಊಟ–ವಸತಿ ಇವೆಲ್ಲದಕ್ಕೆ ದುಡ್ಡು ಬೇಕು. ಇವನ್ನೆಲ್ಲ ಬಿಟ್ಟರೂ ತಪ್ಪದ ಖರ್ಚು ಕಚ್ಚಾ ಫಿಲ್ಮಿನದು. 35 ಎಂಎಂ ಫಿಲ್ಮಿನ 1,000 ಅಡಿಯ ಒಂದು ರೀಲು ಹನ್ನೊಂದು ನಿಮಿಷದಲ್ಲಿ ಓಡಿ ಮುಗಿಯುತ್ತದೆ. ಒಂದು ದೃಶ್ಯವನ್ನು ಹತ್ತು ಸಲ ತೆಗೆದರೆ ಹತ್ತು ಪಟ್ಟು ಫಿಲ್ಮು, ಹತ್ತು ಪಟ್ಟು ಲ್ಯಾಬಿನ ಬಿಲ್ಲು. ನಟರಲ್ಲದವರನ್ನು ಅವರು ಇರುವಂತೆಯೇ ತೆಗೆದುಕೊಳ್ಳುವುದು, ಇರುವ ಊರನ್ನೇ ಸೆಟ್ಟಾಗಿಸುವುದು, ಹಗಲ ಬೆಳಕನ್ನು ನೆಚ್ಚುವುದು, ಮಾತು ಕಡಿಮೆ ಇಡುವುದು ಇವೆಲ್ಲ ಅರವಿಂದನ್ ಶೈಲಿಯ ಲಕ್ಷಣಗಳೆಂದು ವಿಮರ್ಶಕರು ಪಟ್ಟಿ ಮಾಡುತ್ತಾರೆ. ಅವು ಲೆಕ್ಕಪುಸ್ತಕದ ಲಕ್ಷಣಗಳೂ ಹೌದು. ಶೈಲಿ ಮೊದಲೋ ಮಿತವ್ಯಯ ಮೊದಲೋ ಎಂದು ಬಿಡಿಸಿ ನೋಡಲಾಗದಷ್ಟು ಎರಡೂ ಅವರಲ್ಲಿ ಬೆರೆತಿದ್ದವು.

ಆ ಕಾಲದ ಕೇರಳದಲ್ಲಿ ಹೊಸ ಸಿನಿಮಾಕ್ಕೆ ಹಣ ಮೂರು ದಾರಿಯಲ್ಲಿ ಬಂತು. ಅಡೂರರ ‘ಸ್ವಯಂವರಂ’ (1972) ಕೇಂದ್ರದ ಫಿಲ್ಮ್ ಫೈನಾನ್ಸ್ ಕಾರ್ಪೊರೇಷನ್ ಕೊಟ್ಟ 1.5 ಲಕ್ಷ ರೂಪಾಯಿ ಸಾಲದ ಆಸರೆಯಲ್ಲಿ ತಯಾರಾಯಿತು. ಘಟಕ್ ಅವರ ಶಿಷ್ಯ ಜಾನ್ ಅಬ್ರಹಾಂ ಮುಂದೆ 1984ರಲ್ಲಿ ಗೆಳೆಯರೊಂದಿಗೆ ‘ಒಡೇಸಾ’ ಎಂಬ ಕೂಟ ಕಟ್ಟಿದರು. ಹಳ್ಳಿಹಳ್ಳಿಗೆ ಪ್ರೊಜೆಕ್ಟರ್ ಹೊತ್ತು, ಚಾಪ್ಲಿನ್ನನ ‘ದಿ ಕಿಡ್’ ತೋರಿಸಿ, ಜನರಿಂದ ಚಿಲ್ಲರೆ ಚಂದಾ ಎತ್ತಿ ‘ಅಮ್ಮ ಅರಿಯಾನ್’ (1986) ಮಾಡಿದರು. ವಯನಾಡಿನಿಂದ ಹೊರಟು ಕೊಚ್ಚಿಗೆ ಬಂದು ಮುಟ್ಟುವ ಆ ಚಿತ್ರದ ಪಯಣಕ್ಕೂ ಹಣ ಕೂಡಿಸಿದ ತಿರುಗಾಟಕ್ಕೂ ಹೋಲಿಕೆಯಿದೆ. ಅರವಿಂದನ್ ಅವರಿಗೆ ಒದಗಿದ್ದು ಮೂರನೆಯ ದಾರಿ, ಒಬ್ಬ ಗೇರುಬೀಜದ ವ್ಯಾಪಾರಿ.

ಕೊಲ್ಲಂನ ಕೆ. ರವೀಂದ್ರನಾಥನ್ ನಾಯರ್ ಗೇರುಬೀಜ ರಫ್ತಿನಲ್ಲಿ ಹಣ ಮಾಡಿದವರು. ಜನರಲ್ ಪಿಕ್ಚರ್ಸ್ ಹೆಸರಿನಲ್ಲಿ ಮಾಮೂಲು ಚಿತ್ರಗಳನ್ನು ತೆಗೆದು, 1973ರ ‘ಅಚ್ಚಾಣಿ’ ಗೆದ್ದ ಮೇಲೆ ‘ಅಚ್ಚಾಣಿ ರವಿ’ ಎಂದೇ ಜನ ಕರೆಯುವಷ್ಟು ಹೆಸರಾದರು. ಆ ಚಿತ್ರದ ಲಾಭವನ್ನು ಅವರು ಕೊಲ್ಲಂನ ಸಾರ್ವಜನಿಕ ಗ್ರಂಥಾಲಯಕ್ಕೆ ಹಾಕಿದರು. ಆಮೇಲೆ ಲಾಭದ ನಿರೀಕ್ಷೆಯೇ ಇಲ್ಲದ ಸಿನಿಮಾಗಳ ಕಡೆ ತಿರುಗಿದರು. 1977ರಿಂದ 1981ರ ನಡುವೆ ಅರವಿಂದನ್ ಮಾಡಿದ ಐದು ಚಿತ್ರಗಳಿಗೂ ಅವರೇ ನಿರ್ಮಾಪಕರು. ಬಳಿಕ ಅಡೂರರ ‘ಎಲಿಪ್ಪತ್ತಾಯಂ’, ‘ಮುಖಾಮುಖಂ’, ‘ಅನಂತರಂ’, ‘ವಿಧೇಯನ್’ ಚಿತ್ರಗಳಿಗೂ ಅವರೇ ಹಣ ಹಾಕಿದರು. ಭಾರತದ ಹೊಸ ಅಲೆಯ ಇತಿಹಾಸದಲ್ಲಿ ಸರಕಾರಿ ನಿಗಮಗಳ ಹೆಸರು ಸಿಗುವಷ್ಟು ಸುಲಭವಾಗಿ ಇಂಥ ಖಾಸಗಿ ನಿರ್ಮಾಪಕನ ಹೆಸರು ಸಿಗುವುದಿಲ್ಲ. 2023ರಲ್ಲಿ ತೀರಿಕೊಂಡ ನಾಯರ್ ತಮ್ಮ ಬಗ್ಗೆ ಹೇಳಿಕೊಂಡದ್ದೂ ಕಡಿಮೆಯೇ.

ಜನರಲ್ ಪಿಕ್ಚರ್ಸಿನ ಹಣದಲ್ಲಿ ಬಂದ ಮೊದಲ ಚಿತ್ರ ‘ಕಾಂಚನ ಸೀತ’ (1977). ಮೂಲ ಸಿ.ಎನ್. ಶ್ರೀಕಂಠನ್ ನಾಯರರ ನಾಟಕ, ವಸ್ತು ಉತ್ತರಕಾಂಡದ್ದು. ನಾಟಕದ ಮಾತುಗಾರಿಕೆಯನ್ನೆಲ್ಲ ಅರವಿಂದನ್ ಕಳಚಿದರು. ಅರಮನೆ, ಕಿರೀಟ, ಆಭರಣ ಯಾವುದೂ ಇಲ್ಲ. ಆಂಧ್ರದ ಒಳನಾಡಿನ ಕಾಡಿಗೆ ಹೋಗಿ, ರಾಮನ ಕುಲದವರೆಂದು ತಮ್ಮನ್ನು ಹೇಳಿಕೊಳ್ಳುವ ರಾಮಚೆಂಚು ಆದಿವಾಸಿಗಳಿಂದಲೇ ರಾಮ, ಲಕ್ಷ್ಮಣರ ಪಾತ್ರ ಮಾಡಿಸಿದರು. ಸೀತೆಯ ಪಾತ್ರಕ್ಕೆ ಯಾರೂ ಇಲ್ಲ. ಗಾಳಿಗೆ ಅಲುಗಾಡುವ ಎಲೆ, ಸುರಿಯುವ ಮಳೆ, ನದಿಯ ನೀರು ಇವೇ ಸೀತೆ. ರಾಮ ಕಾಡಿಗೆ ಬಂದಾಗಲೆಲ್ಲ ಆಕೆ ಇದ್ದಾಳೆ, ಕಾಣಿಸುವುದಿಲ್ಲ. ದಕ್ಷಿಣ ಭಾರತದ ಪೌರಾಣಿಕ ಸಿನಿಮಾ ಎಂದರೆ ಸೆಟ್ಟು, ಜರತಾರಿ, ಏರುದನಿಯ ಸಂಭಾಷಣೆ ಎಂದು ರೂಢಿಯಾಗಿದ್ದ ಕಾಲದಲ್ಲಿ ಇದು ಎದೆಗಾರಿಕೆಯ ಕೆಲಸ. ಆ ವರ್ಷದ ರಾಷ್ಟ್ರೀಯ ಅತ್ಯುತ್ತಮ ನಿರ್ದೇಶಕ ಪ್ರಶಸ್ತಿ ಅರವಿಂದನ್ ಅವರದಾಯಿತು.

ಕನ್ನಡದ ಓದುಗರಿಗೆ ಇಲ್ಲೊಂದು ಕುತೂಹಲದ ಕೊಂಡಿಯಿದೆ. ಹಿಂದಿನ ವರ್ಷ, ಅಂದರೆ 1976ರ ಚಿತ್ರಗಳಿಗೆ ಕೊಟ್ಟ ಅದೇ ಪ್ರಶಸ್ತಿ ಪಿ. ಲಂಕೇಶರ ‘ಪಲ್ಲವಿ’ಗೆ ಬಂದಿತ್ತು. ಇಂಗ್ಲಿಷ್ ಮೇಷ್ಟರಾಗಿದ್ದ ಲಂಕೇಶರೂ ಸಿನಿಮಾ ಶಾಲೆ ಕಂಡವರಲ್ಲ. ಒಬ್ಬ ಮೇಷ್ಟ್ರು, ಒಬ್ಬ ರಬ್ಬರ್ ಬೋರ್ಡ್ ಅಧಿಕಾರಿ ಸಾಲಾಗಿ ಎರಡು ವರ್ಷ ದೇಶದ ಅತ್ಯುತ್ತಮ ನಿರ್ದೇಶಕರೆನಿಸಿದರು. ‘ಪಲ್ಲವಿ’ಗೂ ‘ಕಾಂಚನ ಸೀತ’ಕ್ಕೂ ಸಂಗೀತ ಕೊಟ್ಟವರು ಒಬ್ಬರೇ: ರಾಯಚೂರು ಸೀಮೆಯ ಸರೋದ್ ವಾದಕ ರಾಜೀವ ತಾರಾನಾಥ್. 1970ರಲ್ಲಿ ಒಂದು ಲಕ್ಷ ರೂಪಾಯಿಯ ಆಸುಪಾಸಿನಲ್ಲಿ ತಯಾರಾಗಿ ದೇಶದ ಅತ್ಯುತ್ತಮ ಚಿತ್ರವೆನಿಸಿದ ‘ಸಂಸ್ಕಾರ’ದ ಸಂಗೀತವೂ ಅವರದೇ. ಎಪ್ಪತ್ತರ ದಶಕದಲ್ಲಿ ಕನ್ನಡ ಮತ್ತು ಮಲಯಾಳಂ ಹೊಸ ಸಿನಿಮಾಗಳ ನಡುವೆ ಇದ್ದದ್ದು ಬರಿಯ ಗಾಳಿಯ ಪ್ರಭಾವವಲ್ಲ, ಜನ ಓಡಾಡುತ್ತಿದ್ದರು.

ತಂಡದ ಇನ್ನೊಬ್ಬ ಮುಖ್ಯ ವ್ಯಕ್ತಿ ಛಾಯಾಗ್ರಾಹಕ ಶಾಜಿ ಎನ್. ಕರುಣ್. ಪುಣೆಯ ಇನ್‌ಸ್ಟಿಟ್ಯೂಟಿನಲ್ಲಿ ಕ್ಯಾಮೆರಾ ಕಲಿತು ಬಂದಿದ್ದ ಅವರು, ‘ಕಾಂಚನ ಸೀತ’ ತೆಗೆಯುವಾಗ ಇಪ್ಪತ್ತೈದರ ಯುವಕ. ಅಲ್ಲಿಂದ ‘ಒರಿಡತ್ತ್’ವರೆಗೆ ಅರವಿಂದನ್ ಅವರ ಮುಖ್ಯ ಚಿತ್ರಗಳ ಬೆಳಕು–ನೆರಳೆಲ್ಲ ಶಾಜಿಯವರದು. ನಿರ್ದೇಶಕರಿಗೆ ಇಲ್ಲದ ತಾಂತ್ರಿಕ ತರಬೇತಿ ಛಾಯಾಗ್ರಾಹಕರಿಗೆ ಇತ್ತು, ಛಾಯಾಗ್ರಾಹಕರಿಗೆ ಬೇಕಿದ್ದ ಸಲಿಗೆ ನಿರ್ದೇಶಕರಿಂದ ಸಿಕ್ಕಿತು. ಅರವಿಂದನ್ ಅವರನ್ನು ‘ಸ್ವಯಂಶಿಕ್ಷಿತ’ ಎನ್ನುವಾಗ ಇದನ್ನೂ ಜೊತೆಗಿಟ್ಟು ನೋಡಬೇಕು. ಅವರು ಗುರುವಿಲ್ಲದೆ ಕಲಿತರು ನಿಜ, ಒಂಟಿಯಾಗಿ ಕೆಲಸ ಮಾಡಲಿಲ್ಲ.

ನಟರು ಬಂದದ್ದು ರಂಗಭೂಮಿಯಿಂದ. ಕಾವಾಲಂ ನಾರಾಯಣ ಪಣಿಕ್ಕರ್ ಎಪ್ಪತ್ತರ ದಶಕದ ನಡುವೆ ತಿರುವನಂತಪುರದಲ್ಲಿ ಕಟ್ಟಿದ ‘ತಿರುವರಂಗ್’ ತಂಡಕ್ಕೆ ‘ಅವನವನ್ ಕಡಂಬ’ ನಾಟಕವನ್ನು ನಿರ್ದೇಶಿಸಿದವರು ಅರವಿಂದನ್. ಪರದೆ, ವೇದಿಕೆಗಳನ್ನು ಬಿಟ್ಟು ಬಯಲಲ್ಲಿ, ಮರಗಳ ನಡುವೆ ಅದನ್ನು ಆಡಿದರು. ಬೆಂಗಳೂರಿನಲ್ಲಿ ಬಿ.ವಿ. ಕಾರಂತರು 1972ರಲ್ಲಿ ನಾಟಕಗಳನ್ನು ಬಯಲಿಗೆ ತಂದ ಸಂಭ್ರಮವನ್ನು ಕಂಡವರಿಗೆ ಈ ಹುರುಪಿನ ಪರಿಚಯವಿರುತ್ತದೆ. ಭರತ್ ಗೋಪಿ, ನೆಡುಮುಡಿ ವೇಣು ಈ ನಾಟಕದಲ್ಲಿದ್ದರು. ಮುಂದೆ ಅರವಿಂದನ್ ಚಿತ್ರಗಳಿಗೂ ಬಂದರು. ವೇಣು ಸಿನಿಮಾಕ್ಕೆ ಕಾಲಿಟ್ಟದ್ದೇ ‘ತಂಬ್’ ಮೂಲಕ.

‘ತಂಬ್’ (1978) ಅವರ ಕೆಲಸದ ಕ್ರಮ ಸಂಪೂರ್ಣವಾಗಿ ಕಾಣಿಸುವ ಚಿತ್ರ. ಭಾರತಪ್ಪುಳ ನದಿಯ ದಂಡೆಯ ಹಳ್ಳಿಗೆ ಲಾರಿಯಲ್ಲಿ ಒಂದು ಸರ್ಕಸ್ ಬರುತ್ತದೆ, ಡೇರೆ ಹೊಡೆಯುತ್ತದೆ, ಮೂರು ದಿನ ಆಟ ತೋರಿಸುತ್ತದೆ. ಊರಿನ ಗಮನ ದೇವರ ಉತ್ಸವದ ಕಡೆ ಹೊರಳುತ್ತಿದ್ದಂತೆ ಡೇರೆ ಕಿತ್ತುಕೊಂಡು ಹೋಗುತ್ತದೆ. ಕಥೆ ಎಂದರೆ ಇಷ್ಟು. ಬರೆದ ಚಿತ್ರಕಥೆ ಇರಲಿಲ್ಲ. ಸರ್ಕಸ್ಸಿನವರು ನಿಜವಾದ ಸರ್ಕಸ್ಸಿನವರೇ, ಊರವರು ಊರವರೇ. ಆಟ ನಡೆಯುವಾಗ ಪ್ರೇಕ್ಷಕರ ಕಡೆ ಕ್ಯಾಮೆರಾ ತಿರುಗಿಸಿದರು. ಆ ಜನರಲ್ಲಿ ಎಷ್ಟೋ ಮಂದಿ ಮೊದಲ ಸಲ ಸರ್ಕಸ್ ನೋಡುತ್ತಿದ್ದರು. ಚಿತ್ರೀಕರಣದ ದೀಪಗಳಿಗೆ ಮೊದಲು ಬೆದರಿದವರು ಆಟ ಶುರುವಾದ ಮೇಲೆ ಕ್ಯಾಮೆರಾವನ್ನೇ ಮರೆತರು. ಬಾಯಿ ತೆರೆದು ಕೂತ ಮುದುಕ, ಉಸಿರು ಬಿಗಿಹಿಡಿದ ಮಗು, ನಾಚಿ ನಗುವ ಹೆಂಗಸು: ಯಾವ ನಟನೂ ಕೊಡಲಾರದ ಮುಖಗಳು ಕಪ್ಪು–ಬಿಳುಪಿನಲ್ಲಿ ಉಳಿದವು. ಆ ಪಕ್ಕದಲ್ಲೇ ಸರ್ಕಸ್ ಕಲಾವಿದರು ಕ್ಯಾಮೆರಾದತ್ತ ನೋಡುತ್ತ ತಮ್ಮ ಬದುಕಿನ ಬಗ್ಗೆ ಹೇಳಿಕೊಳ್ಳುತ್ತಾರೆ. ಅವರ ಮಾತಿನಲ್ಲಿ ಮಿನುಗು ಬಟ್ಟೆಯ ಬೆರಗಿಲ್ಲ, ದಣಿವಿದೆ. ಕಥಾಚಿತ್ರಕ್ಕೂ ಸಾಕ್ಷ್ಯಚಿತ್ರಕ್ಕೂ ನಡುವಣ ಗೆರೆ ಇಲ್ಲಿ ಅಳಿಸಿಹೋಗಿದೆ; ಹಾಗೆ ಅಳಿಸಲು ಬೇಕಾದ ಧೈರ್ಯ ಕಥೆ ಕಟ್ಟುವುದನ್ನು ಪಾಠವಾಗಿ ಕಲಿತವರಿಗಿಂತ ಕಲಿಯದವರಿಗೆ ಸುಲಭವಿತ್ತೇನೋ. ಎರಡನೆಯ ಸಲ ಅತ್ಯುತ್ತಮ ನಿರ್ದೇಶಕ ಪ್ರಶಸ್ತಿ ಬಂತು, ಶಾಜಿಯವರಿಗೆ ಅತ್ಯುತ್ತಮ ಛಾಯಾಗ್ರಾಹಕ ಪ್ರಶಸ್ತಿ.

ಮರುವರ್ಷದ ‘ಕುಮ್ಮಾಟ್ಟಿ’ (1979) ಉತ್ತರ ಮಲಬಾರಿನ ಚೀಮೇನಿಯಲ್ಲಿ ತಯಾರಾಯಿತು. ಈಗ ಕಾಸರಗೋಡು ಜಿಲ್ಲೆಗೆ ಸೇರುವ ಆ ಊರು ಆಗ ಕಣ್ಣೂರು ಜಿಲ್ಲೆಯಲ್ಲಿತ್ತು. ಮುರಕಲ್ಲಿನ ಬಯಲು, ಮಳೆ ಬಿದ್ದೊಡನೆ ಹಸುರಾಗುವ ಹುಲ್ಲುಗಾವಲು, ತಗ್ಗಿ ನಿಂತ ಆಕಾಶ: ತುಳುನಾಡಿನವರಿಗೆ ಹೊಸತಲ್ಲದ ನೆಲ. ಮಕ್ಕಳನ್ನು ಹೆದರಿಸಲು ಅಜ್ಜಿಯರು ಹೇಳುವ ಕುಮ್ಮಾಟ್ಟಿ, ಬಿಳಿಗಡ್ಡದ ಅಲೆಮಾರಿಯಾಗಿ ಹಾಡುತ್ತ ನಿಜಕ್ಕೂ ಊರಿಗೆ ಬರುತ್ತಾನೆ. ಮಕ್ಕಳು ಮೊದಲು ಓಡುತ್ತಾರೆ, ಆಮೇಲೆ ಹಿಂದೆ ಬೀಳುತ್ತಾರೆ. ಹೊರಡುವ ದಿನ ಅವನು ಆಟಕ್ಕೆಂದು ಅವರನ್ನೆಲ್ಲ ಪ್ರಾಣಿಗಳಾಗಿ ಮಾಡುತ್ತಾನೆ, ಮತ್ತೆ ಮಕ್ಕಳಾಗಿಸುತ್ತಾನೆ. ನಾಯಿಯಾದ ಚಿಂದನ್ ಎಂಬ ಹುಡುಗ ಮಾತ್ರ ಆ ಹೊತ್ತಿಗೆ ದೂರ ಓಡಿಹೋಗಿರುತ್ತಾನೆ. ಕುಮ್ಮಾಟ್ಟಿ ಮತ್ತೆ ಬರುವವರೆಗೆ ಅವನು ನಾಯಿಯಾಗಿಯೇ ಕಾಯಬೇಕು. ಈ ಮಾಟವನ್ನು ತೆರೆಯ ಮೇಲೆ ತೋರಿಸಲು ಯಾವ ಟ್ರಿಕ್ ಫೋಟೋಗ್ರಫಿಯೂ ಇಲ್ಲ, ಮುಖವಾಡ ಮತ್ತು ಒಂದು ಸರಳ ಕಟ್ ಸಾಕಾಗಿದೆ. ಕುಮ್ಮಾಟ್ಟಿಯಾಗಿ ಅಂಬಲಪ್ಪುಳ ರಾವುಣ್ಣಿ ಹಾಡಿ ಕುಣಿದರು, ಮಕ್ಕಳ ಪಾತ್ರಕ್ಕೆ ಮಕ್ಕಳೇ ಸಿಕ್ಕರು. ರಾಜ್ಯದ ಮಕ್ಕಳ ಚಿತ್ರ ಪ್ರಶಸ್ತಿ ಬಂದರೂ ಇದನ್ನು ಮಕ್ಕಳ ಚಿತ್ರವೆಂದು ಬದಿಗಿಡುವಂತಿಲ್ಲ. ತಾವು ಕಂಡ ಅತಿ ಸುಂದರ ಚಿತ್ರವೆಂದು ಇದನ್ನು ಹೊಗಳಿದವರಲ್ಲಿ ಜಪಾನಿನ ವಿಮರ್ಶಕ ತಾದಾವೊ ಸಾತೊ ಒಬ್ಬರು.

ಅದರ ಬೆನ್ನಿಗೇ ‘ಎಸ್ತಪ್ಪಾನ್’ ಬಂತು. ಕಡಲ ತೀರದ ಲ್ಯಾಟಿನ್ ಕ್ರೈಸ್ತ ಬೆಸ್ತರ ನಡುವೆ ಬದುಕುವ ಎಸ್ತಪ್ಪಾನನ ಬಗ್ಗೆ ಒಬ್ಬೊಬ್ಬರು ಒಂದೊಂದು ಕಥೆ ಹೇಳುತ್ತಾರೆ. ಅವನು ಸಂತ, ಕಳ್ಳ, ಮಂತ್ರವಾದಿ, ಹುಚ್ಚ. ನೀರಿನ ಮೇಲೆ ನಡೆದವನು, ನೋಟು ಮುದ್ರಿಸಿದವನು. ಯಾವುದು ನಿಜವೆಂದು ಚಿತ್ರ ಹೇಳುವುದಿಲ್ಲ. ಮುಖ್ಯ ಪಾತ್ರಕ್ಕೆ ಬಂದವರು ವೃತ್ತಿನಟರಲ್ಲ, ಚಿತ್ರಕಾರ ರಾಜನ್ ಕಾಕ್ಕನಾಡನ್. ಇದೇ ಸಮುದಾಯದ ಬೆಸ್ತರ ಊರಾದ ತುಂಬದಲ್ಲಿ, ತಿರುವನಂತಪುರದ ಉತ್ತರಕ್ಕೆ, 1963ರ ನವೆಂಬರ್ 21ರಂದು ಭಾರತದ ನೆಲದಿಂದ ಮೊದಲ ಸಂಶೋಧನಾ ರಾಕೆಟ್ ಹಾರಿತ್ತು. ಸೇಂಟ್ ಮೇರಿ ಮ್ಯಾಗ್ಡಲೀನ್ ಇಗರ್ಜಿ ವಿಜ್ಞಾನಿಗಳ ಕಚೇರಿಯಾಗಿ, ಬೆಸ್ತರ ಮನೆಗಳು ಬೇರೆಡೆಗೆ ಹೋಗಿದ್ದವು. ದೋಣಿ, ಬಲೆ, ಶಿಲುಬೆ, ಪವಾಡಗಳ ಲೋಕ ಮತ್ತು ರಾಕೆಟ್ಟಿನ ಲೋಕ ಒಂದೇ ತೀರವನ್ನು ಹಂಚಿಕೊಂಡ ಕಾಲವದು. ಅರವಿಂದನ್ ರಾಕೆಟ್ಟನ್ನು ತೋರಿಸಲಿಲ್ಲ. ಅವರ ಆಸಕ್ತಿ ಪವಾಡವನ್ನು ನಂಬುವವರ ಮಾತಿನ ರೀತಿಯಲ್ಲಿತ್ತು. 1979ರ ರಾಜ್ಯದ ಅತ್ಯುತ್ತಮ ಚಿತ್ರವೆಂದು ‘ಎಸ್ತಪ್ಪಾನ್’ ಆಯ್ಕೆಯಾಯಿತು.

‘ಪೋಕ್ಕುವೆಯಿಲ್’ (1981) ಈ ಸಾಲಿನ ಕೊನೆಯದು, ಎಲ್ಲಕ್ಕಿಂತ ಕಠಿಣವಾದದ್ದು. ತಂದೆಯನ್ನು ಕಳೆದುಕೊಂಡು, ಗೆಳೆಯರು ದೂರಾಗಿ, ಮನಸ್ಸಿನ ಹಿಡಿತ ತಪ್ಪುತ್ತ ಹೋಗುವ ಒಬ್ಬ ಯುವಕ. ಆ ಪಾತ್ರದಲ್ಲಿ ಕವಿ ಬಾಲಚಂದ್ರನ್ ಚುಳ್ಳಿಕ್ಕಾಡ್. ಹರಿಪ್ರಸಾದ್ ಚೌರಾಸಿಯಾ ಅವರ ಕೊಳಲು, ರಾಜೀವ ತಾರಾನಾಥರ ಸರೋದ್ ಮೊದಲು ರೆಕಾರ್ಡ್ ಆಯಿತು. ಆ ಸಂಗೀತದ ಏರಿಳಿತ ಹಿಡಿದು ಆಮೇಲೆ ದೃಶ್ಯಗಳನ್ನು ಹೊಂದಿಸಿದರು. ಸಿನಿಮಾ ಮಾಡುವ ಮಾಮೂಲು ಕ್ರಮ ಇಲ್ಲಿ ತಲೆಕೆಳಗಾಗಿದೆ. ನೋಡುಗರ ತಾಳ್ಮೆಯನ್ನು ಇದು ಬಹಳವೇ ಬೇಡುತ್ತದೆ. ಸಂಗೀತ ಕಿವಿಗೆ ಕೊಟ್ಟದ್ದನ್ನು ದೃಶ್ಯ ಕಣ್ಣಿಗೆ ಎಲ್ಲ ಕಡೆಯೂ ಕೊಟ್ಟಿದೆ ಎನ್ನಲಾಗದು.

ಈ ಹೊತ್ತಿಗೆ ಕೇರಳದಲ್ಲಿ ಅರವಿಂದನ್ ಬಗ್ಗೆ ಎರಡು ಪಕ್ಷಗಳಾಗಿದ್ದವು. ತುರ್ತು ಪರಿಸ್ಥಿತಿಯ ಆಚೀಚಿನ ವರ್ಷಗಳಲ್ಲಿ ರಾಜಕೀಯ ಸಿನಿಮಾವನ್ನು ಬಯಸಿದ ಎಡಪಂಥೀಯ ವಿಮರ್ಶಕರು ಅವರ ಚಿತ್ರಗಳಲ್ಲಿ ಅಧ್ಯಾತ್ಮದ ಮಬ್ಬು, ಸಮಾಜದಿಂದ ಓಟ ಕಂಡರು. ರಾಮುವಿನ ಲೋಕವನ್ನು ಅಷ್ಟು ಹರಿತವಾಗಿ ಬರೆದವರು ಕಾಡು, ಕಡಲು, ಮಾಂತ್ರಿಕರ ಕಡೆ ಹೋದದ್ದೇಕೆ ಎಂಬ ಪ್ರಶ್ನೆ ಸುಳ್ಳು ಪ್ರಶ್ನೆಯಲ್ಲ. ಆದರೆ ಸರ್ಕಸ್ಸಿನ ಕೂಲಿಗಾರರ ದಣಿವನ್ನು ಅಷ್ಟು ಹತ್ತಿರದಿಂದ ತೋರಿಸಿದ ಚಿತ್ರವನ್ನು ಬರಿಯ ಅಧ್ಯಾತ್ಮ ಎನ್ನುವುದೂ ಅವಸರದ ತೀರ್ಮಾನ. ಇನ್ನು ಚಿತ್ರಮಂದಿರಗಳಲ್ಲಿ ಈ ಚಿತ್ರಗಳಿಗೆ ಸಿಕ್ಕ ಅವಕಾಶ ಅಷ್ಟಕ್ಕಷ್ಟೆ. ಅವನ್ನು ಉಳಿಸಿದ್ದು ಫಿಲ್ಮ್ ಸೊಸೈಟಿಗಳು, ಚಿತ್ರೋತ್ಸವಗಳು, ಆಮೇಲೆ ದೂರದರ್ಶನ. ಎಂಬತ್ತರ ದಶಕದಲ್ಲಿ ಭಾನುವಾರ ಮಧ್ಯಾಹ್ನ ಪ್ರಶಸ್ತಿ ಪಡೆದ ಪ್ರಾದೇಶಿಕ ಚಿತ್ರಗಳನ್ನು ದೂರದರ್ಶನ ತೋರಿಸುತ್ತಿದ್ದಾಗ, ಬೆಂಗಳೂರು, ಮೈಸೂರಿನ ಮನೆಗಳಲ್ಲೂ ಅರವಿಂದನ್ ಹೆಸರು ಕೇಳಿಸಿತು.

‘ಪೋಕ್ಕುವೆಯಿಲ್’ ನಂತರ ನಾಲ್ಕು ವರ್ಷ ಕಥಾಚಿತ್ರವಿಲ್ಲ. 1985ರ ‘ಚಿದಂಬರಂ’ ಬಂದಾಗ ಏರ್ಪಾಡು ಬದಲಾಗಿತ್ತು. ನಿರ್ಮಾಪಕರು ಸ್ವತಃ ಅರವಿಂದನ್, ಮುಖ್ಯ ಪಾತ್ರಗಳಲ್ಲಿ ಸ್ಮಿತಾ ಪಾಟೀಲ್, ಭರತ್ ಗೋಪಿ, ಶ್ರೀನಿವಾಸನ್. ಸಿ.ವಿ. ಶ್ರೀರಾಮನ್ ಬರೆದ ಕಥೆ ಮುನ್ನಾರ್ ಬಳಿಯ ಮಾಟ್ಟುಪ್ಪೆಟ್ಟಿಯ ದನಗಳ ಫಾರಂನಲ್ಲಿ ನಡೆಯುತ್ತದೆ. ಅಲ್ಲಿನ ಕೂಲಿ ಮುನಿಯಾಂಡಿ ತಮಿಳುನಾಡಿನ ಹಳ್ಳಿಯಿಂದ ಶಿವಕಾಮಿಯನ್ನು ಮದುವೆಯಾಗಿ ತರುತ್ತಾನೆ. ಫಾರಂನ ಅಧಿಕಾರಿ ಶಂಕರನ್ ಅವಳತ್ತ ಸೆಳೆಯಲ್ಪಡುತ್ತಾನೆ. ಸಂಗತಿ ತಿಳಿದ ಮುನಿಯಾಂಡಿ ನೇಣು ಹಾಕಿಕೊಳ್ಳುತ್ತಾನೆ. ಪಾಪಭಾರ ಹೊತ್ತು ಊರೂರು ಅಲೆದ ಶಂಕರನ್ ಕೊನೆಗೆ ಚಿದಂಬರದ ದೇವಸ್ಥಾನಕ್ಕೆ ಬಂದಾಗ, ಭಕ್ತರ ಚಪ್ಪಲಿ ಕಾಯುತ್ತ ಕೂತವಳು ಶಿವಕಾಮಿ. ಅರವಿಂದನ್ ಚಿತ್ರಗಳಲ್ಲಿ ಇಷ್ಟು ನೇರವಾದ ಕಥನ ಹಿಂದೆ ಇರಲಿಲ್ಲ. ದೇಶದ ಅತ್ಯುತ್ತಮ ಚಿತ್ರ ಪ್ರಶಸ್ತಿಯ ಜೊತೆಗೆ ಜನರೂ ಬಂದರು, ಅವರ ಮಟ್ಟಿಗೆ ಅಪರೂಪದ ಅನುಭವ.

‘ಒರಿಡತ್ತ್’ (1986) ಮತ್ತೆ ವ್ಯಂಗ್ಯಚಿತ್ರಕಾರನ ಕೈಕೆಲಸ. ಐವತ್ತರ ದಶಕದಲ್ಲಿ ಒಂದು ಹಳ್ಳಿಗೆ ವಿದ್ಯುತ್ ಬರುತ್ತದೆ. ಕಂಬ ನೆಡುವ ಜಾಗಕ್ಕೆ ಜಗಳ, ತಂತಿಗೆ ಅಡ್ಡವಾದ ಮರಕ್ಕೆ ಜಗಳ, ಲೈನ್‌ಮನ್ನುಗಳ ಹಿಂದೆ ಮಕ್ಕಳ ಸಾಲು, ಮೇಲಧಿಕಾರಿಗಳ ದರ್ಪ; ಒಂದೊಂದು ಪಾತ್ರವೂ ನಾಲ್ಕು ಗೆರೆಯಲ್ಲಿ ಬರೆದ ಹಾಗಿದೆ. ನಗಿಸುತ್ತಲೇ ಹೋಗುವ ಚಿತ್ರ ದುರಂತದಲ್ಲಿ ಮುಗಿಯುತ್ತದೆ. ಪ್ರಗತಿಯನ್ನು ಅನುಮಾನಿಸುವ ಚಿತ್ರವೆಂದು ಇದನ್ನು ಆಗಲೂ ಟೀಕಿಸಿದರು, ಈಗಲೂ ಟೀಕಿಸಬಹುದು. ಅರವಿಂದನ್ ಅವರಿಗೆ ಮೂರನೆಯ ಸಲ ರಾಷ್ಟ್ರೀಯ ಅತ್ಯುತ್ತಮ ನಿರ್ದೇಶಕ ಪ್ರಶಸ್ತಿ ತಂದುಕೊಟ್ಟದ್ದು ಇದೇ.

ಈ ವರ್ಷಗಳಲ್ಲಿ ಅವರು ಸಾಕ್ಷ್ಯಚಿತ್ರಗಳನ್ನೂ ಮಾಡಿದರು. ಜೆ. ಕೃಷ್ಣಮೂರ್ತಿ ಅವರ ಕುರಿತ ‘ದಿ ಸೀರ್ ಹೂ ವಾಕ್ಸ್ ಅಲೋನ್’ (1985), ನಂಬೂದಿರಿ ಸಮಾಜ ಸುಧಾರಕ ವಿ.ಟಿ. ಭಟ್ಟತಿರಿಪ್ಪಾಡರ ಕುರಿತ ‘ವಿ.ಟಿ.’ ಅವುಗಳಲ್ಲಿ ಮುಖ್ಯ. ಬೇರೆಯವರ ಚಿತ್ರಗಳಿಗೆ ಸಂಗೀತ ಕೊಡುವುದೂ ನಡೆಯಿತು. ಶಾಜಿ ಎನ್. ಕರುಣ್ ತಾವೇ ನಿರ್ದೇಶಕರಾಗಿ ಮಾಡಿದ ಮೊದಲ ಚಿತ್ರ ‘ಪಿರವಿ’ (1988) ಮರುವರ್ಷ ಕಾನ್ ಚಿತ್ರೋತ್ಸವದಲ್ಲಿ ಹೆಸರು ಮಾಡಿತು; ಅದರ ಸಂಗೀತದಲ್ಲಿ ಅರವಿಂದನ್ ಪಾಲಿದೆ. ಸುಮಾರು ಹತ್ತು ವರ್ಷ ಒಬ್ಬರ ಚಿತ್ರಕ್ಕೆ ಬೆಳಕು ಕೊಟ್ಟವರಿಗೆ ಇನ್ನೊಬ್ಬರು ನಾದ ಕೊಟ್ಟು ತೀರಿಸಿದಂತಾಯಿತು. ಕಾವಾಲಂ ನಾಟಕವನ್ನು ಆಧರಿಸಿದ ‘ಮಾರಾಟ್ಟಂ’ (1988), ವಿದೇಶಿ ವಿದ್ಯಾರ್ಥಿಗಳನ್ನು ಇಟ್ಟುಕೊಂಡು ತೆಗೆದ ‘ಉಣ್ಣಿ’ (1989) ಹೆಚ್ಚು ಚರ್ಚೆಯಾಗಲಿಲ್ಲ. ಎರಡನೆಯದು ಅವರ ದುರ್ಬಲ ಚಿತ್ರವೆನ್ನಲು ಅಡ್ಡಿಯಿಲ್ಲ.

1990ರಲ್ಲಿ ಪದ್ಮಶ್ರೀ ಬಂತು. ಆ ಹೊತ್ತಿಗೆ ಅವರು ಮತ್ತೆ ಸಿ.ವಿ. ಶ್ರೀರಾಮನ್ ಅವರ ಕಥೆಯೊಂದನ್ನು ಕೈಗೆತ್ತಿಕೊಂಡಿದ್ದರು. ‘ವಾಸ್ತುಹಾರ’ದಲ್ಲಿ ಪೂರ್ವ ಬಂಗಾಳದ ನಿರಾಶ್ರಿತರನ್ನು ಅಂಡಮಾನಿಗೆ ಕಳಿಸುವ ಕೆಲಸದ ಮೇಲೆ ಕಲ್ಕತ್ತೆಗೆ ಬರುವ ಮಲಯಾಳಿ ಅಧಿಕಾರಿಯಾಗಿ ಮೋಹನ್‌ಲಾಲ್ ನಟಿಸಿದರು. ಪಟ್ಟಿಯಲ್ಲಿರುವ ಹೆಸರುಗಳ ನಡುವೆ ಆ ಅಧಿಕಾರಿಗೆ ತನ್ನದೇ ಬಳಗದ ಒಂದು ಕುಟುಂಬ ಎದುರಾಗುತ್ತದೆ. ಕಡತ ಹಿಡಿದು ಜನರ ನಡುವೆ ಓಡಾಡುವ ನೌಕರನ ಕಷ್ಟ ಅರವಿಂದನ್ ಅವರಿಗೆ ಕಲ್ಪಿಸಿಕೊಳ್ಳಬೇಕಾದ ಸಂಗತಿಯಾಗಿರಲಿಲ್ಲ. 1990ರ ರಾಜ್ಯದ ಅತ್ಯುತ್ತಮ ಚಿತ್ರ ಪ್ರಶಸ್ತಿ ಇದಕ್ಕೆ ಬಂತು. ಇದೇ ಕೊನೆಯ ಚಿತ್ರವಾಯಿತು: 1991ರ ಮಾರ್ಚ್ 15ರಂದು, ಐವತ್ತಾರನೆಯ ವಯಸ್ಸಿನಲ್ಲಿ, ಹೃದಯಾಘಾತದಿಂದ ಅವರು ತಿರುವನಂತಪುರದಲ್ಲಿ ತೀರಿಕೊಂಡರು.

ಕಡಿಮೆ ಖರ್ಚಿನ ಚಿತ್ರಗಳಿಗೆ ಸಾವು ಎರಡನೆಯ ಸಲ ಬರುವುದು ಗೋದಾಮುಗಳಲ್ಲಿ. ನೆಗೆಟಿವ್‌ಗಳನ್ನು ತಂಪಾಗಿ, ಒಣಗಿದ ಜಾಗದಲ್ಲಿ ಇಡಲು ಸಣ್ಣ ನಿರ್ಮಾಪಕರಿಗೆ ಅನುಕೂಲವಿರುವುದಿಲ್ಲ, ಲ್ಯಾಬುಗಳು ಮುಚ್ಚುತ್ತವೆ, ಕೇರಳದ ತೇವ ಫಿಲ್ಮನ್ನು ತಿನ್ನುತ್ತದೆ. ಅರವಿಂದನ್ ಅವರ ‘ಕುಮ್ಮಾಟ್ಟಿ’, ‘ತಂಬ್’ ಎರಡರ ಮೂಲ ನೆಗೆಟಿವ್ ಉಳಿದಿರಲಿಲ್ಲ. ಪುಣೆಯ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯದಲ್ಲಿದ್ದ ಪ್ರಿಂಟ್‌ಗಳೇ ಆಧಾರವಾದವು. ಶಿವೇಂದ್ರ ಸಿಂಗ್ ಡುಂಗರ್‌ಪುರ್ ಮುಂಬೈಯಲ್ಲಿ ಕಟ್ಟಿದ ಫಿಲ್ಮ್ ಹೆರಿಟೇಜ್ ಫೌಂಡೇಶನ್, ಮಾರ್ಟಿನ್ ಸ್ಕೋರ್ಸೇಸಿ ಅವರ ಫಿಲ್ಮ್ ಫೌಂಡೇಶನ್ನಿನ ವರ್ಲ್ಡ್ ಸಿನಿಮಾ ಪ್ರಾಜೆಕ್ಟ್ ಮತ್ತು ಇಟಲಿಯ ಬೊಲೋನ್ಯಾದ ಪರಿಣತರು ಸೇರಿ ಒಂದೊಂದು ಚೌಕಟ್ಟನ್ನೂ ಸ್ವಚ್ಛ ಮಾಡಿದರು. ‘ಕುಮ್ಮಾಟ್ಟಿ’ 2021ರಲ್ಲಿ ಬೊಲೋನ್ಯಾದ ಹಳೆಯ ಚಿತ್ರಗಳ ಉತ್ಸವದಲ್ಲಿ ತೆರೆ ಕಂಡಿತು, ‘ತಂಬ್’ 2022ರ ಮೇ ತಿಂಗಳಲ್ಲಿ ಕಾನ್ ಚಿತ್ರೋತ್ಸವದ ‘ಕ್ಲಾಸಿಕ್ಸ್’ ವಿಭಾಗದಲ್ಲಿ. ‘ತಂಬ್’ನಲ್ಲಿ ನಟಿಸಿದ್ದ ಜಲಜ ಅಲ್ಲಿಗೆ ಹೋಗಿದ್ದರು, ನಿರ್ಮಾಪಕ ರವೀಂದ್ರನಾಥನ್ ನಾಯರ್ ಆಗ ಕೊಲ್ಲಂನಲ್ಲಿದ್ದರು, ಅವರ ಪರವಾಗಿ ಮಗ ಪ್ರಕಾಶ್ ನಾಯರ್ ಹಾಜರಿದ್ದರು.